ಪಟ್ಟಿಯ ಹಿಂದಿನ ಪೆನ್ಸಿಲ್ ಗೆರೆ

ನಮ್ಮ ಮನೆಯ ಹೊರಗೋಡೆಗೆ ಸಿಮೆಂಟು ಎರಚಿದ ಒರಟು ಗಿಲಾವು. ಕೈಯಾಡಿಸಿದರೆ ಹಾಗಲಕಾಯಿ ಸವರಿದ ಹಾಗಿರುತ್ತದೆ. ಕೊಟ್ಟೂರಿನ ಹೊಸ ಮನೆಗಳು ಈಗ ಬಹುಪಾಲು ಹೀಗೇ. ತಲೆಬಾಗಿಲ ಚೌಕಟ್ಟು ಈ ಗೋಡೆಗೆ ಸೇರುವಲ್ಲಿ ಸಂದು ಬಿಟ್ಟಿತ್ತು. ಅದು ಮುಚ್ಚುವಂತೆ ಹೊರಗಡೆ ಸುತ್ತಲೂ ಮರದ ಪಟ್ಟಿ ಹೊಡೆಸಬೇಕಿತ್ತು. ಬಸುರಿ ಮಗಳ ಕುಬಸಕ್ಕೆ, ಅಂದರೆ ಸೀಮಂತಕ್ಕೆ, ನಾಲ್ಕೇ ದಿನ ಉಳಿದಿತ್ತು. ಹಡಗಲಿಯಿಂದ ಬೀಗರು ಬರುವವರಿದ್ದರು.

ಉಜ್ಜಿನಿ ಕಡೆಯ ಬಡಗಿಯೊಬ್ಬ ಬಂದ. ಪಟ್ಟಿಯನ್ನು ಗೋಡೆಗೆ ಒತ್ತಿ ಹಿಡಿದು, ಅದರ ಹಿಂದೆ ಕಿರುಬೆರಳು ತೂರಿಸಿ ತೋರಿಸಿದ.

“ನೋಡ್ರಿ ಸರ, ಬೆಳ್ಳು ಹೋಗತೈತಿ. ಬೆಳ್ಳು ಹೋದಲ್ಲಿ ನೀರು ಹೋಗಂಗಿಲ್ಲೇನ್ರಿ?”

ಚೌಕಟ್ಟಿನ ಸುತ್ತ ಪೆನ್ಸಿಲ್ಲಿನಿಂದ ಗೆರೆ ಎಳೆದ. ಆ ಗೆರೆಯವರೆಗೆ ಗಿಲಾವು ಕೊರೆದು ತೆಗೆದರೆ ಪಟ್ಟಿ ಇಟ್ಟಿಗೆಗೆ ಅಂಟಿ ಕೂರುತ್ತದೆ, ಮೇಲೊಂದು ತಗಡು ಮಡಚಿ ಹಾಕಿದರೆ ಮಳೆನೀರು ಹೊರಗೇ ಜಾರುತ್ತದೆ ಎಂದ. ಅರ್ಧ ದಿನದ ಧೂಳು, ಅಷ್ಟೇ.

ಹಿಂದಿನ ದಿನವಷ್ಟೇ ಬಣ್ಣ ಮುಗಿದಿತ್ತು. ನಾನು ಒಪ್ಪಲಿಲ್ಲ. “ಕೊರೆಯೋದು ಬೇಡ. ಮೇಲೇ ಹೊಡಿ. ಸಂದಿಗೆ ಪೇಸ್ಟು ತುಂಬಿದರಾಯಿತು,” ಎಂದೆ. ಕಾಲೇಜಿನಲ್ಲಿ ಪಾಠ ಹೇಳುವವನು; ಮೊಬೈಲಿನಲ್ಲಿ ಎರಡು ವಿಡಿಯೊ ಬೇರೆ ನೋಡಿದ್ದೆ.

“ನಿಮ್ಮ ಮನಿ, ನಿಮ್ಮ ಮಾತು,” ಎಂದ ಆತ, ನಾನು ಹೇಳಿದ ಹಾಗೇ ಹೊಡೆದ.

ತಲೆಬಾಗಿಲ ಕೆಲಸ ಮುಗಿದಾಗ ಮನೆಯಾಕೆ ಹೊಸ್ತಿಲಲ್ಲಿ ನಿಂತು ಬಡಗಿಗೆ ಎಲೆಅಡಿಕೆ, ಕಾಯಿ ಕೊಡುವುದು ನಮ್ಮಲ್ಲಿಯ ರೂಢಿ. ಹೆಂಡತಿ ತಟ್ಟೆ ತಂದಳು. ಆತ ಕೈ ಹಿಂದೆಗೆದುಕೊಂಡ. “ಬ್ಯಾಡ ತಾಯಿ. ಇದು ನನ್ನ ಕೆಲಸಲ್ಲ.”

ಅಂದಿನ ಡೈರಿಯಲ್ಲಿ ‘ಬಡಗಿಗೆ ಸೊಕ್ಕು’ ಎಂದು ಬರೆದಿದ್ದೇನೆ.

ಹೋಗುವಾಗ ಎದುರುಮನೆಯತ್ತ ನೋಡಿ ಆತ ಹೇಳಿದ ಮಾತು ಡೈರಿಯಲ್ಲಿಲ್ಲ, ಆದರೂ ಅದರಲ್ಲಿ ನನಗೆ ಸಂಶಯವಿಲ್ಲ. “ಆ ಮನಿ ಏಳು ಬಾಗ್ಲಾ ಸಿಕ್ರ ಈ ಸಲ ಹೊಸಪ್ಯಾಟಿಗೆ ದುಡಿಯಾಕ ಹೋಗೋದು ತಪ್ಪತೈತ್ರಿ. ನೀವೊಂದು ಮಾತು ಹೇಳ್ರಿ.” ಆ ಮನೆಯವರು ಮೇಲಂತಸ್ತು ಕಟ್ಟಿಸುತ್ತಿದ್ದರು. ಹೇಳುತ್ತೇನೆಂದೆ, ಹೇಳಿಯೂ ಇದ್ದೆ.

ಎರಡು ತಿಂಗಳಿಗೆ ಓರೆಮಳೆ ಹೊಡೆಯಿತು. ಪಟ್ಟಿಯ ಹಿಂದೆ ನೀರಿಳಿದು ಚೌಕಟ್ಟು ಉಬ್ಬಿತು, ಬಾಗಿಲು ಹಾಕಲು ಬರದಾಯಿತು. ನಾನು ಭುಜ ಕೊಟ್ಟು ನೂಕುತ್ತಿದ್ದಾಗ ಎದುರುಮನೆಯವರು ಬಂದರು.

“ಏನ್ರಿ ಮೇಷ್ಟ್ರ, ಕುಬಸ ಮಾಡಿದ್ದು ಮಗಳಿಗೋ ಬಾಗ್ಲಕೋ? ಇದೂ ಉಬ್ಬೈತಲ್ರಿ!” ನಕ್ಕರು. ಆಮೇಲೆ ಪಟ್ಟಿಯನ್ನು ಬೆರಳಿನಿಂದ ಒತ್ತಿದರು, ನೀರು ಒಸರಿತು. “ನೀವು ಹೇಳಿದ್ರಲ್ಲ, ಅದ ಬಡಗೀನ ಹೊಡದಾನೇನು?”

ಆಗ ನಾನು ಏನೂ ಹೇಳದೆ ಸುಮ್ಮನೆ ನಕ್ಕುಬಿಟ್ಟೆ ಎಂದೇ ಮೊನ್ನೆಯವರೆಗೆ ನನ್ನ ನೆನಪು. ಹಾಗೆ ನೆನೆಯುವಾಗಲೂ ನಾಚಿಕೆಯಾಗುತ್ತಿತ್ತು, ಆದರೆ ತಡೆದುಕೊಳ್ಳಬಹುದಾದಷ್ಟೇ.

ಮೊನ್ನೆ ಚೌಕಟ್ಟು ಒಣಗಲೆಂದು ಪಟ್ಟಿ ಕಿತ್ತೆ. ಹಿಂದೆ ಪಾಚಿಗಟ್ಟಿದ ಗೋಡೆಯ ಮೇಲೆ ಆ ಪೆನ್ಸಿಲ್ ಗೆರೆ ಹಾಗೇ ಇತ್ತು, ನೆಟ್ಟಗೆ, ಎಲ್ಲಿಂದ ಕೊರೆಯಬೇಕೆಂದು ತೋರಿಸುತ್ತ. ಒಳಗೆ ಹೋಗಿ ಎದುರುಮನೆಯವರು ಬಂದ ದಿನದ ಡೈರಿ ತೆಗೆದೆ. ನನ್ನದೇ ಅಕ್ಷರ: ‘ಕಸುಬು ಬಾರದವನಿಗೆ ಕೊಟ್ಟರೆ ಹೀಗೇ ಎಂದೆ. ಅವರು ತಲೆಯಾಡಿಸಿದರು.’

ನಾನು ಸುಮ್ಮನಿರಲಿಲ್ಲ. ಹೇಳಿದ್ದೆ, ಹೇಳಿದ್ದನ್ನು ಬರೆದಿಟ್ಟಿದ್ದೆ, ಬರೆದ ಮೇಲೆ ಮರೆತಿದ್ದೆ. ಕೊರೆಯಬೇಡ ಎಂದವನು ನಾನು ಎಂಬುದು ಮಾತ್ರ ಯಾವ ಪುಟದಲ್ಲೂ ಇಲ್ಲ.

ಎದುರುಮನೆಗೆ ಹೋಗಿ ನಡೆದದ್ದು ಹೇಳಿದೆ. ಹರಪನಹಳ್ಳಿಯ ಬಡಗಿಗಳು ಅಲ್ಲಿ ಏಳರಲ್ಲಿ ಐದು ಬಾಗಿಲು ನಿಲ್ಲಿಸಿಯಾಗಿತ್ತು. “ಆವಾಗ ಹೇಳಬೇಕಿತ್ತಲ್ರಿ ಮೇಷ್ಟ್ರ,” ಎಂದರು ಎದುರುಮನೆಯವರು. ಈ ಸಲ ನಗಲಿಲ್ಲ.

ಬಡಗಿ ಹೊಸಪೇಟೆಯಲ್ಲಿದ್ದ. ಫೋನು ಮಾಡಿದ್ದಕ್ಕೆ ಭಾನುವಾರ ಬಂದ. ತನ್ನದೇ ಗೆರೆಯ ಮೇಲೆ ಮಿಷನ್ನು ಹಿಡಿದು ಗಿಲಾವು ಕೊರೆದ, ಹೊಸ ಪಟ್ಟಿ ಕೂರಿಸಿದ, ತಗಡು ಮಡಚಿದ. ಮೈಯೆಲ್ಲ ಬಿಳಿ ಧೂಳು. ಕೊನೆಗೆ ಪಟ್ಟಿಯಂಚಿಗೆ ಕಿರುಬೆರಳು ಒತ್ತಿ ನೋಡಿದ, ತೂರಲಿಲ್ಲ.

“ಎದರಿನ ಮನಿ ಕೆಲಸ ಯಾಕ ತಪ್ಪಿತೋ, ಗೊತ್ತಾಗಲಿಲ್ಲ ನೋಡ್ರಿ,” ಎಂದ, ಸಾಮಾನು ಚೀಲಕ್ಕೆ ತುಂಬುತ್ತ.

“ನಾನೇ ತಪ್ಪಿಸಿದೆ,” ಎಂದೆ. ಆ ದಿನ ಅಂದ ಮಾತನ್ನೂ ಇದ್ದ ಹಾಗೇ ಹೇಳಿದೆ.

ಆತನ ಕೈ ಚೀಲದಲ್ಲೇ ನಿಂತಿತು. ಆಮೇಲೆ ಸುತ್ತಿಗೆ ಒಳಗಿಟ್ಟು ದಾರ ಬಿಗಿದ. ಹೆಂಡತಿ ತಟ್ಟೆ ಹಿಡಿದು ಹೊಸ್ತಿಲಿಗೆ ಬಂದಳು. ಆತ ಎದ್ದು, ಪಂಚೆಗೆ ಕೈ ಒರೆಸಿಕೊಂಡು, ಎಲೆಅಡಿಕೆ, ಕಾಯಿ ಎರಡೂ ತೆಗೆದುಕೊಂಡು ಕಣ್ಣಿಗೊತ್ತಿಕೊಂಡ.

“ಇದು ನನ್ನ ಕೆಲಸ ತಾಯಿ. ಬರ್ತೀನಿ,” ಎಂದು ಅವಳಿಗೆ ಹೇಳಿ ಮೆಟ್ಟಿಲಿಳಿದ. ನಾನು ಅವಳ ಪಕ್ಕದಲ್ಲೇ ನಿಂತಿದ್ದೆ.