ಬಾತುಕೋಳಿಯ ಕೆಂಪು ಸ್ವೆಟರ್

ಅಮೆರಿಕದ ರೆಂಟನ್ನಿನಲ್ಲಿ ನಮ್ಮ ಪಕ್ಕದ ಮನೆಯ ಕ್ಲೇರ್ ಚೀನಾದ ಅನಾಥಾಶ್ರಮದಿಂದ ಕೂಸಾಗಿ ಬಂದವಳು. ದತ್ತು ತಂದ ತಾಯಿ ಡೋರಿಸ್ ಬಳಿ ಆಶ್ರಮದವರು ಕೊಟ್ಟ ಫೋಟೊ ಒಂದೇ ಇತ್ತು: ಎದೆಯ ಮೇಲೆ ಹಳದಿ ಬಾತುಕೋಳಿಯಿದ್ದ ಕೆಂಪು ಸ್ವೆಟರ್, ಅದರೊಳಗೆ ಅಳುವ ಮಗು. "ಇದು ನಿನ್ನ ಹೆತ್ತಮ್ಮ ಹೆಣೆದು ಹಾಕಿದ್ದು" ಎಂದು ಹೇಳುತ್ತಲೇ ಡೋರಿಸ್ ಅವಳನ್ನು ಬೆಳೆಸಿದಳು.

ಅದಕ್ಕಾಗಿಯೇ ಕ್ಲೇರ್ ಹೆಣಿಗೆ ಕಲಿತಳು. ಪ್ರತಿ ಚಳಿಗಾಲಕ್ಕೂ ತನ್ನ ಅಳತೆಗೆ ಅದೇ ಕೆಂಪು, ಅದೇ ಬಾತುಕೋಳಿ. ವಿಮಾನ ಕಾರ್ಖಾನೆಯ ಕೆಲಸಕ್ಕೂ ಅದನ್ನೇ ತೊಟ್ಟು ಹೋಗುತ್ತಿದ್ದಳು.

ಮೊನ್ನೆ ಅದೇ ಆಶ್ರಮದಿಂದ ಬಂದ ಹುಡುಗಿಯರು ಹತ್ತಿರದ ಬೆಲ್ವ್ಯೂನಲ್ಲಿ ಸೇರಿದ್ದರು; ಕ್ಲೇರ್ ಕೂಡ ಹೋಗಿದ್ದಳು. ಎಲ್ಲರೂ ತಂದಿದ್ದ ಫೋಟೊಗಳಲ್ಲಿ ಅದೇ ಸ್ವೆಟರ್. ಫೋಟೊ ತೆಗೆಯಲೆಂದು ಆಶ್ರಮದವರು ಇಟ್ಟುಕೊಂಡಿದ್ದು!

ಡೋರಿಸ್‌ಗೆ ಮೊದಲೇ ಗೊತ್ತಿತ್ತು. ಮಗುವನ್ನು ತರಲು ಹೋದಾಗ, ಆ ಸ್ವೆಟರನ್ನು ಬೇರೆ ಕೂಸುಗಳಿಗೆ ತೊಡಿಸಿ ಬಿಚ್ಚುವುದನ್ನು ಕಣ್ಣಾರೆ ಕಂಡಿದ್ದಳು. "ನಿನಗೂ ಅಮ್ಮನ ನೆನಪು ಅಂತ ಒಂದಿರಲಿ ಅಂತ ಹೇಳ್ದೆ" ಎಂದಳಂತೆ. ಆಹಾ, ಎಂಥ ಉಪಕಾರ!

ಕ್ಲೇರ್ ನಮ್ಮ ಮನೆಗೆ ಬಂದು ಇದನ್ನೆಲ್ಲ ಹೇಳಿ ಅತ್ತಾಗ, ಹುಬ್ಬಳ್ಳಿಯಿಂದ ಬಂದಿದ್ದ ನಮ್ಮತ್ತೆ ಗಂಗಮ್ಮ ನನ್ನಿಂದ ವಿಷಯ ತಿಳಿದು ಸಮಾಧಾನ ಮಾಡಹೊರಟರು. "ಅಳಬ್ಯಾಡ ತಂಗಿ. ನಮ್ಮ ಕಡೆನೂ ಹುಟ್ಟಿದ ಕೂಸಿಗೆ ಬ್ಯಾರೆ ಕೂಸಿನ ಹಳೇ ಅಂಗೀನ ಹಾಕ್ತಾರ. ಛಲೋ ಆಗ್ತೈತಿ ಅಂತ."

ನಾನು ಅದನ್ನು ಇಂಗ್ಲಿಷಿನಲ್ಲಿ ಹೇಳಿದೆ. ಕ್ಲೇರ್ ತಾನು ತೊಟ್ಟಿದ್ದ ಸ್ವೆಟರನ್ನು ಕಳಚಿ, ಮಡಚಿ, ಅತ್ತೆಯ ಮಡಿಲಲ್ಲಿಟ್ಟಳು.

"ನಿಮ್ಮಲ್ಲಿ ಅದನ್ನ ಅಮ್ಮ ಹೆಣೆದದ್ದು ಅಂತ ಹೇಳ್ತಾರಾ?"