ಕಡ್ಡಿಯ ಮೇಲಿನ ಹಳೇ ಜೋಕು

ನಾಳೆ ಮತ್ತೆ ಅದೇ ದೋಣಿ ಹತ್ತಬೇಕು. ಹೊನ್ನಾವರದಿಂದ ಹೊಳೆ ದಾಟಿ ಮಾವಿನಕುರ್ವೆಗೆ, ಅಕ್ಕನ ಐಸ್ ಕ್ಯಾಂಡಿ ಪೆಟ್ಟಿಗೆಯ ಜೊತೆ. ಹೋದ ವಾರದಿಂದ ಕಣ್ಣು ಮುಚ್ಚಿದರೆ ದೋಣಿ ಬಲಕ್ಕೆ ವಾಲುತ್ತದೆ. ಆದರೂ ಹತ್ತುವುದೇ ಎಂದು ತೀರ್ಮಾನಿಸಿದ್ದೇನೆ.

ಕುಮಟೆಯಲ್ಲಿ ನಾನು ಶಾಲೆಗೆ ಹೋಗುವಾಗ ಕ್ಯಾಂಡಿಯ ಕಡ್ಡಿ ಬೋಳಾಗಿತ್ತು. ಜೋಕಿರುವ ಕಡ್ಡಿಯನ್ನು ಮೊದಲು ಕಂಡದ್ದು ಭಟ್ಕಳದ ಬಸ್‌ಸ್ಟ್ಯಾಂಡಿನಲ್ಲಿ. ಪ್ರಶ್ನೆ ಹಿಡಿಯುವ ತುದಿಯಲ್ಲಿ, ಉತ್ತರ ಐಸಿನೊಳಗೆ. ಬಸ್ಸು ಹೊರಟರೂ ಚೀಪುವುದನ್ನು ನಿಲ್ಲಿಸುವಂತಿರಲಿಲ್ಲ. ಆಮೇಲೆ ಬಣ್ಣದ ಪ್ಲಾಸ್ಟಿಕ್ ಹೊದಿಕೆ ಬಂತು, ಜೋಕು ಹೋಯಿತು. ಅಕ್ಕ ಮನೆಯಲ್ಲೇ ಕ್ಯಾಂಡಿ ಮಾಡತೊಡಗಿದಾಗ ಜೋಕನ್ನು ವಾಪಸ್ ತಂದಳು. ಬರೆಯುವ ಕೆಲಸ ಎಂ.ಎ. ಓದಿದ ನನ್ನ ಪಾಲಿಗೆ. ಹೊಸದು ಹೊಳೆಯದಿದ್ದಾಗ ಹಳೆಯದನ್ನೇ ಬರೆದುಕೊಡುತ್ತಿದ್ದೆ.

ಹೋದ ವಾರ ಮಾವಿನಕುರ್ವೆಯ ಮದುವೆಮನೆಗೆ ಕ್ಯಾಂಡಿ ಒಯ್ಯುತ್ತಿದ್ದೆವು. ಹೊಳೆಯ ನಡುವೆ ಎಂಜಿನ್ ನಿಂತಿತು. ಇಳಿತದ ಸೆಳೆತಕ್ಕೆ ದೋಣಿ ಅಡ್ಡ ತಿರುಗಿ ಸಮುದ್ರದತ್ತ ಸರಿಯಿತು. ಎಡಗಡೆಯಿಂದ ನೀರು ನುಗ್ಗಿದ್ದೇ ತಡ, ಎಲ್ಲರೂ ಎದ್ದು ಬಲಗಡೆಗೆ ಬಂದರು. ಬಲದ ಅಂಚು ನೀರಿಗೆ ತಾಗಿತು. ಕೂರಿ ಎಂದು ದೋಣಿಯವ ಕೂಗಿದ್ದನ್ನು ಯಾರೂ ಕೇಳಲಿಲ್ಲ. ನನಗೆ ಈಜು ಬರುವುದಿಲ್ಲ.

ಅಕ್ಕ ಪೆಟ್ಟಿಗೆ ತೆರೆದಳು. "ಕೂತವ್ರಿಗೆ ಕ್ಯಾಂಡಿ. ನಿಮ್ಮ ನಿಮ್ಮ ಜಾಗದಲ್ಲಿ ಕೂತ್ಕಳಿ."

"ಮುಳುಗೂ ಹೊತ್ತಿಗೆ ಎಂತ ಕ್ಯಾಂಡಿನೇ?" ಎಂದಳು ಮೀನುಬುಟ್ಟಿಯ ಅಜ್ಜಿ.

"ಕರಗ್ತದೆ, ತಗಳಿ."

ಅಜ್ಜಿ ಎಡಗಡೆ ಕೂತಳು. ಅವಳನ್ನು ನೋಡಿ ಉಳಿದವರೂ ಕೂತರು. ದೋಣಿ ನೆಟ್ಟಗಾಯಿತು. ಹಿಂದೆ ಕೂತಿದ್ದ ಗಂಡಸು ಕಡ್ಡಿ ಓದಿದ: "ಮುದುಕ ಕನ್ನಡಕ ಹಾಕಿ ಮಲಗಿದ್ದೇಕೆ?"

"ಕನಸು ಸಮ ಕಾಣ್ಲಿ ಅಂತ," ಪಕ್ಕದವಳು ಐಸು ಕಚ್ಚದೆಯೇ ಉತ್ತರಿಸಿದಳು. "ನಮ್ಮಜ್ಜನ ಕಾಲದ್ದು ಮಾರಾಯ್ರೆ. ನಂಗೂ ಅದೇ ಬಂದದೆ."

"ನಂದ್ರಲ್ಲೂ ಅದೇ. ಯಾರು ಬರೆದದ್ದು ಇದು?"

ಅಕ್ಕ ನನ್ನತ್ತ ಬೆರಳು ತೋರಿಸಿದಳು. "ಎಂ.ಎ. ಮಾಡಿದವ್ಳು."

"ಓದಿದ್ದು ಸಾಕಾಗ್ಲಿಲ್ಲ ಕಾಣ್ತದೆ," ಎಂದಳು ಅಜ್ಜಿ.

ಮೀನಿನ ಬೋಟೊಂದು ಬಂದು ಹಗ್ಗ ಎಸೆಯುವವರೆಗೂ ನನ್ನನ್ನು ಬೈಯುತ್ತಲೇ ಇದ್ದರು. ಒಬ್ಬರೂ ಏಳಲಿಲ್ಲ.

ಅವರು ಇನ್ನೊಂದು ಗಳಿಗೆ ನಿಂತೇ ಇದ್ದಿದ್ದರೆ? ಕ್ಯಾಂಡಿ ತುಂಬುವಾಗ, ಬಟ್ಟೆ ಒಣಹಾಕುವಾಗ ಇದೇ ಪ್ರಶ್ನೆ. ಇಂದು ದೋಣಿಯವನಿಗೆ ಫೋನ್ ಮಾಡಿ, ಎಲ್ಲರಿಗೂ ಲೈಫ್ ಜಾಕೆಟ್ ಇಡದಿದ್ದರೆ ನಾವು ಹತ್ತುವುದಿಲ್ಲ, ಬೇರೆಯವರನ್ನೂ ಹತ್ತಲು ಬಿಡುವುದಿಲ್ಲ ಎಂದೆ. "ಆತು, ಇಡ್ತೆ," ಎಂದ. ನಾಳೆ ಮೊದಲು ಅವುಗಳನ್ನು ಕಣ್ಣಾರೆ ನೋಡುತ್ತೇನೆ.

ಅಕ್ಕ ಹೊಸ ಜೋಕು ಕೇಳಿದಳು. ಬರೆದಿಟ್ಟಿದ್ದೇನೆ. ನಾಳೆಯ ಪೆಟ್ಟಿಗೆಗೆ ಮಾತ್ರ ಕನ್ನಡಕದ ಮುದುಕನೇ ಇರಲಿ ಎಂದೆ. ಬೈಯುವವರು ಕೂತು ಬೈಯಲಿ. ನಾನೂ ನಡುವಿನ ಹಲಗೆಯ ಮೇಲೆ ಕೂತಿರುತ್ತೇನೆ.