ಜಗಲಿಗೆ ಬಂದ ರಾಗಿ ಕಲ್ಲು

ಮೊನ್ನೆ ನನ್ನ ಮೊಮ್ಮಗಳು ರಾಗಿ ಕಲ್ಲಿನ ಮುಂದೆ ಕಾಲು ಚಾಚಿ ಕುಳಿತು, ಗೂಟ ಹಿಡಿದು, ಕಲ್ಲಿನ ಬಾಯಿಗೆ ಒಂದು ಹಿಡಿ ರಾಗಿ ಸುರಿದು ತಿರುಗಿಸಿಯೇ ಬಿಟ್ಟಳು. ಹಿಟ್ಟು ಬಿದ್ದದ್ದು ಅರೆಬರೆ, ನುಚ್ಚೇ ಹೆಚ್ಚು. ಆದರೂ ನನಗಾದ ಹಿಗ್ಗು ಎಷ್ಟೆಂದರೆ, ಬೀದಿಯಲ್ಲಿ ಹೋಗುತ್ತಿದ್ದವರನ್ನೆಲ್ಲ ಕರೆದು ತೋರಿಸಿದೆ. "ಅಜ್ಜಿ, ನಾನು ಪರೀಕ್ಷೆ ಪಾಸಾದಾಗಲೂ ನೀನು ಇಷ್ಟು ಕುಣೀಲಿಲ್ಲ ಕಣೇ" ಎಂದು ನಗಾಡಿದಳು. ಕುಣಿಯದೆ ಏನು ಮಾಡಲಿ? ಆ ಕಲ್ಲಿನ ಮುಂದೆ ಹಿಂದೊಮ್ಮೆ ಯಾರು ಕುಳಿತಿದ್ದರು ಎಂಬುದು ಅವಳಿಗೆ ಗೊತ್ತಿಲ್ಲವಲ್ಲ. ನಾನು ಓದಿದ್ದು ಮೂರನೆಯ ಕ್ಲಾಸು. ಅಕ್ಷರ ಕೂಡಿಸಿ ಬರೆಯುವುದು ನಿಧಾನ. ಆದರೆ ಇದನ್ನು ಬರೆದಿಡದಿದ್ದರೆ ನನ್ನ ಹೊಟ್ಟೆ ಒಡೆದುಹೋಗುತ್ತದೆ.

ಮಂಚೇನಹಳ್ಳಿಯಿಂದ ಗೌರಿಬಿದನೂರಿಗೆ ಹೋಗುವ ರಸ್ತೆಯ ಮಗ್ಗುಲಲ್ಲೇ ನಮ್ಮ ಮನೆ. ನನ್ನ ತವರು ಶಿಡ್ಲಘಟ್ಟದ ಕಡೆ, ದಿಬ್ಬೂರಹಳ್ಳಿಯ ಹತ್ತಿರ. ಮದುವೆಯಾಗಿ ಬಂದು ಇನ್ನೂ ಎರಡು ವರ್ಷ ತುಂಬಿರಲಿಲ್ಲ. ಅರವತ್ತರ ದಶಕದ ಶುರುವಿನ ವರ್ಷಗಳಿರಬೇಕು. ಮನೆಯಲ್ಲಿ ಮಾವನ ಮಾತೇ ಮಾತು.

ಮಾವನ ಎಡಗೈ ಸೊಟ್ಟ. ಸ್ವಾತಂತ್ರ್ಯ ಬರುವ ಮುಂಚೆ ಬಾವುಟ ಹಿಡಿದು ಹೋದ ಗುಂಪಿನಲ್ಲಿ ಅವರೂ ಇದ್ದರಂತೆ. ಲಾಠಿ ಏಟಿಗೆ ಮೊಣಕೈ ಮುರಿಯಿತು. ಕಟ್ಟು ಕಟ್ಟಿಸಿದರೂ ಮೂಳೆ ಸರಿಯಾಗಿ ಕೂರಲಿಲ್ಲ. ಅವತ್ತೇ ಮನೆದೇವರ ಮುಂದೆ ನಿಂತು ಆಣೆ ಇಟ್ಟರಂತೆ: ಬಿಳಿ ಚರ್ಮದವರು ಯಾರಾದರೂ ಈ ಮನೆಯ ಹೊಸಿಲು ದಾಟಿದರೆ, ಆಮೇಲೆ ಈ ಮನೆಯಲ್ಲಿ ನಾನು ಒಂದು ತೊಟ್ಟು ನೀರೂ ಮುಟ್ಟುವುದಿಲ್ಲ ಎಂದು. ಊರವರು ನಕ್ಕಿದ್ದರಂತೆ. ಈ ಕುಗ್ರಾಮಕ್ಕೆ ಯಾವ ದೊರೆ ಬರುತ್ತಾನೆ? ಆದರೆ ಮಾವ ನಗುವ ಆಸಾಮಿಯಲ್ಲ. ಬದುವಿನ ಜಗಳದಲ್ಲಿ ಒಮ್ಮೆ ಅಣ್ಣನಿಗೆ "ನಿನ್ನ ಮನೇಲಿ ಉಣ್ಣಲ್ಲ" ಅಂದಿದ್ದರು. ಆ ಅಣ್ಣನ ಮಗಳ ಮದುವೆಯ ದಿನ ಚಪ್ಪರದ ಆಚೆಯೇ ನಿಂತು ಅಕ್ಷತೆ ಹಾಕಿ, ಹಸಿದ ಹೊಟ್ಟೆಯಲ್ಲೇ ಮನೆಗೆ ಬಂದಿದ್ದರು. ಅಂಥವರ ಆಣೆ ಎಂದರೆ ನಮಗೆಲ್ಲ ಎದೆ ಡವಗುಟ್ಟುತ್ತಿತ್ತು.

ಆ ದಿನ ಅವರು ಚಿಕ್ಕಬಳ್ಳಾಪುರದ ಸಂತೆಗೆ ಹೋಗಿದ್ದರು. ನಾನೂ ಅತ್ತೆಯೂ ಪಡಸಾಲೆಯಲ್ಲಿ ಎದುರು ಬದುರು ಕುಳಿತು ರಾಗಿ ಬೀಸುತ್ತಿದ್ದೆವು. ಅತ್ತೆಯದು ದೊಡ್ಡ ಗಂಟಲು. ಅವರು ಪದ ಎತ್ತಿಕೊಂಡರೆ ಕೆರೆಯ ಏರಿಯ ಮೇಲೆ ದನ ಮೇಯಿಸುವವರಿಗೂ ಕೇಳುತ್ತಿತ್ತು. ಪದ ಹೇಳದೆ ಬೀಸಿದರೆ ಕಲ್ಲು ಮುನಿಸಿಕೊಳ್ಳುತ್ತದೆ ಎನ್ನುತ್ತಿದ್ದರು.

ರಸ್ತೆಯಲ್ಲಿ ಒಂದು ಜೀಪು ಬುಸುಗುಟ್ಟುತ್ತಾ ಬಂದು ನಿಂತ ಸದ್ದಾಯಿತು. ಸ್ವಲ್ಪ ಹೊತ್ತಿಗೆ ಪಕ್ಕದ ಮನೆಯ ಅಜ್ಜಿ ಓಡಿ ಬಂದಳು. ಅವಳ ಮಾತೆಲ್ಲ ತೆಲುಗು. "ದೊರಸಾನಿ ಒಚ್ಚಿಂದೇ ತಲ್ಲೀ, ದೊರಸಾನಿ!" ಎಂದು ಬಾಯಿ ಬಡಿದುಕೊಂಡಳು. ನೋಡುತ್ತೇನೆ, ಬಾಗಿಲಲ್ಲಿ ಒಬ್ಬ ಬಿಳಿ ಹೆಂಗಸು. ಮೂವತ್ತರ ಆಸುಪಾಸಿನ ವಯಸ್ಸು. ತಲೆಗೆ ಹೂವಿನ ಚಿತ್ರದ ವಸ್ತ್ರ ಕಟ್ಟಿಕೊಂಡಿದ್ದಾಳೆ. ಮೆಟ್ಟನ್ನು ಕಳಚಿ ಕೈಯಲ್ಲಿ ಹಿಡಿದಿದ್ದಾಳೆ. ಕಣ್ಣು ನಮ್ಮ ಮೇಲಿಲ್ಲ, ಕಲ್ಲಿನ ಮೇಲಿದೆ. ಅವಳ ಹಿಂದೆ ಎರಡು ಜಡೆಯ ಬೆಂಗಳೂರಿನ ಹುಡುಗಿಯೊಬ್ಬಳು.

"ಅಮ್ಮಾ, ಬೇಜಾರು ಮಾಡ್ಕೋಬೇಡಿ" ಎಂದಳು ಹುಡುಗಿ. "ಗೌರಿಬಿದನೂರಿನ ಕಡೆ ಹೊರಟಿದ್ವಿ, ಜೀಪು ಕೆಟ್ಟೋಯ್ತು. ಇವರ ಯಜಮಾನ್ರು ಎಂಜಿನಿಯರು. ಡ್ರೈವರ್ ಜೊತೆ ಮಂಚೇನಹಳ್ಳಿಗೆ ಸಾಮಾನು ತರೋಕೆ ಹೋದ್ರು. ಇವರು ಕಲ್ಲಿನ ಸದ್ದು ಕೇಳಿ ನಿಂತಲ್ಲಿ ನಿಲ್ಲಲಿಲ್ಲ, ಎಳ್ಕೊಂಡೇ ಬಂದ್ಬಿಟ್ರು. ಇವರದು ರಷ್ಯಾದ ಕಡೆ, ಉಕ್ರೇನ್ ಅಂತ. ಇವರ ಮಾತು ನಾನು ಕನ್ನಡಕ್ಕೆ ಹೇಳ್ತೀನಿ."

ಆ ಹೆಂಗಸು ಕಾಲೆತ್ತಿದಳು. "ಇರಮ್ಮಾ, ಇರಮ್ಮಾ! ಅಲ್ಲೇ ಇರು!" ಎಂದು ಅತ್ತೆ ಕೂಗಿದ ರಭಸಕ್ಕೆ ಅವಳ ಕಾಲು ಗಾಳಿಯಲ್ಲೇ ನಿಂತಿತು. ಅತ್ತೆ ಅವಳನ್ನು ಜಗಲಿಯ ಮೇಲೆ ಚಾಪೆ ಹಾಸಿ ಕೂರಿಸಿ ಮಜ್ಜಿಗೆ ಕೊಟ್ಟರು. ಮಜ್ಜಿಗೆ ಕುಡಿದಾದ ಮೇಲೆ ಅವಳು ಹುಡುಗಿಯ ಹತ್ತಿರ ಏನೋ ಕೇಳಿದಳು. "ಆ ಕಲ್ಲನ್ನ ಒಂದ್ಸಲ ಮುಟ್ಟಬಹುದಾ ಅಂತಾರೆ."

ಅತ್ತೆ ನನ್ನ ಮುಖ ನೋಡಿದರು, ನಾನು ಅತ್ತೆಯ ಮುಖ ನೋಡಿದೆ. ಒಳಗೆ ಕರೆದರೆ ಮಾವನ ಆಣೆ. ಕರೆಯದಿದ್ದರೆ, ಬಾಗಿಲಿಗೆ ಬಂದವಳು ಕೇಳಿದ್ದು ಚಿನ್ನವಲ್ಲ ಬೆಳ್ಳಿಯಲ್ಲ, ಕಲ್ಲು. ಅತ್ತೆ ಸೆರಗು ಸೊಂಟಕ್ಕೆ ಸಿಕ್ಕಿಸಿದರು. "ಅವಳು ಒಳಗೆ ಬರಬಾರದು ಅಂದವ್ರೆ ನಿಮ್ಮಾವ. ಕಲ್ಲು ಆಚೆ ಹೋಗಬಾರದು ಅಂದಿಲ್ಲ. ಹಿಡ್ಕೊಳ್ಳೇ!" ಎಂದರು.

ಮೊದಲು ಮೇಲಿನ ಕಲ್ಲು, ಆಮೇಲೆ ಕೆಳಗಿನದು. ಎರಡನ್ನೂ ನಾವಿಬ್ಬರೇ ಏದುಸಿರು ಬಿಡುತ್ತಾ ಜಗಲಿಗೆ ಹೊತ್ತೆವು. ರಾಗಿ ಕಲ್ಲು ಬೀದಿಗೆ ಬಂದದ್ದನ್ನು ಹುಟ್ಟಿದಾಗಿನಿಂದ ಯಾರೂ ಕಂಡಿರಲಿಲ್ಲ. ಊರೆಲ್ಲ ನೆರೆಯಿತು.

ಅವಳು ಕಲ್ಲಿನ ಮುಂದೆ ನಮ್ಮ ಹಾಗೆಯೇ ಕುಳಿತಳು. ಎಲ್ಲರೂ "ಭಲೇ" ಎಂದರು. ಆಮೇಲೆ ತಲೆಯ ವಸ್ತ್ರ ಬಿಚ್ಚಿದಳು, ಮಡಿಕೆ ಮಡಿಕೆಯಾಗಿ ಮಡಚಿ ಕೆಳಗಿನ ಕಲ್ಲಿನ ಅಡಿಗೆ ತೂರಿಸಿದಳು. ಸುತ್ತಲೂ ಚಾಪೆಯ ಅಂಚನ್ನು ಒತ್ತಿದಳು. ಗೂಟ ಹಿಡಿದು ಎಷ್ಟು ನಿಧಾನವಾಗಿ ತಿರುಗಿಸಿದಳೆಂದರೆ, ಹಿಟ್ಟು ಬೀಳುತ್ತಿದೆ, ಸದ್ದೇ ಇಲ್ಲ! ತುಟಿ ಮಾತ್ರ ಅಲ್ಲಾಡುತ್ತಿದೆ, ದನಿ ಇಲ್ಲ.

"ಅಯ್ಯೋ, ಇವಳ್ಯಾಕೆ ಕಲ್ಲಿನ ಗಂಟಲು ಹಿಸುಕ್ತಾಳೆ? ಕೇಳಮ್ಮಾ!" ಎಂದರು ಅತ್ತೆ.

ಹುಡುಗಿ ಕೇಳಿದಳು. ಆ ಹೆಂಗಸು ತನ್ನ ಕೈಯನ್ನೇ ತಾನು ನೋಡಿಕೊಂಡಳು. ತಾನು ಮಾಡಿದ್ದು ಅವಳಿಗೂ ಆಗಲೇ ಗೊತ್ತಾದ ಹಾಗಿತ್ತು. "ಕೈ ತಾನಾಗೇ ಹಂಗೆ ಮಾಡ್ತು ಅಂತಾರೆ" ಎಂದಳು ಹುಡುಗಿ.

ಆಮೇಲೆ ಅವಳು ಹೇಳಿದ್ದನ್ನೆಲ್ಲ ಹುಡುಗಿ ನಮಗೆ ತಿಳಿಸುತ್ತಾ ಹೋದಳು. ಅವಳು ಚಿಕ್ಕವಳಿದ್ದಾಗ ದೊಡ್ಡ ಯುದ್ಧ ಬಂತು, ಜರ್ಮನಿಯ ದಂಡು ಅವಳ ಊರನ್ನು ಹಿಡಿದುಕೊಂಡಿತು. ಕಣದಲ್ಲಿದ್ದ ಗೋಧಿ, ಕೊಟ್ಟಿಗೆಯಲ್ಲಿದ್ದ ಹಸು, ಮೊಟ್ಟೆ ಸಮೇತ ಕೋಳಿ, ಎಲ್ಲ ಅವರದೇ. ಊರಿನ ಗಾಳಿಗಿರಣಿಗೆ ಕಾವಲು ಹಾಕಿದರು. ಮನೆಯಲ್ಲಿ ಯಾರೂ ಬೀಸಕೂಡದು ಎಂದು ಸಾರಿದರು. ಬೀಸಿದರೆ ಕಾಳು ಬಚ್ಚಿಟ್ಟಿದ್ದಾರೆ ಎಂದು ತಾನೇ ಅರ್ಥ? ಅವಳ ಅಪ್ಪ ಮರದ ದಿಮ್ಮಿಯಲ್ಲಿ ಎರಡು ತುಂಡು ಕತ್ತರಿಸಿ, ಒಡೆದ ಬಾಣಲೆಯ ಕಬ್ಬಿಣದ ಚೂರುಗಳನ್ನು ಅದಕ್ಕೆ ಬಡಿದು ಬೀಸುವ ಕಲ್ಲು ಮಾಡಿದನಂತೆ. ಬೀಸಿದ ಮೇಲೆ ಒಲೆಯ ಹಿಂದೆ ಹೂತಿಡುವುದು, ಬೇಕಾದಾಗ ಅಗೆದು ತೆಗೆಯುವುದು. ನೆಲಮಾಳಿಗೆಯಲ್ಲಿ ಹಾಸಿಗೆ ಬಟ್ಟೆಯನ್ನೆಲ್ಲ ಅಡಿಗೆ ಹಾಕಿ ಅವಳ ಅಮ್ಮ ದನಿಯಿಲ್ಲದೆ ತುಟಿಯಲ್ಲೇ ಪದ ಹೇಳಿಕೊಂಡು ಬೀಸುವಾಗ, ಇವಳು ಮೆಟ್ಟಿಲ ಮೇಲೆ ಕುಳಿತು ಬೂಟಿನ ಸದ್ದಿಗೆ ಕಿವಿ ಕೊಡಬೇಕು. ಕಲ್ಲು ಸಿಕ್ಕಿದ ಒಂದು ಮನೆಯನ್ನು ಸೈನಿಕರು ಸುಟ್ಟೇಬಿಟ್ಟರಂತೆ. ಹಿಟ್ಟಿನ ಜೊತೆ ಮರದ ತೊಗಟೆಯ ಪುಡಿ ಬೆರೆಸಿ ರೊಟ್ಟಿ ಮಾಡುತ್ತಿದ್ದರಂತೆ.

"ಅಕ್ಕನ್ನ ರೈಲಿಗೆ ತುಂಬಿ ಜರ್ಮನಿಗೆ ಕೂಲಿಗೆ ಕರ್ಕೊಂಡೋದ್ರಂತೆ. ಊರಿನ ಹರೇದ ಹೆಣ್ಣುಮಕ್ಕಳು ಎಷ್ಟೋ ಜನಾನ ಹಂಗೇ ಕರ್ಕೊಂಡೋದ್ರಂತೆ. ಎದೆ ಮೇಲೆ ಗುರುತಿನ ಬಟ್ಟೆ ಹೊಲಿದು."

"ಬಂದ್ಲಾ? ಅವಳಕ್ಕ ವಾಪಸ್ ಬಂದ್ಲಾ?" ಅತ್ತೆ ಮುಂದಕ್ಕೆ ಬಾಗಿ ಕೇಳಿದರು.

"ಬಂದ್ರಂತೆ. ಬಂದವ್ರು ಯಾರನ್ನೂ ಮಾತಾಡಿಸದೆ ಮೊದಲು ಒಲೆ ಹಿಂದೆ ಅಗೆದು ನೋಡಿದ್ರಂತೆ, ಅಪ್ಪ ಮಾಡಿದ ಕಲ್ಲು ಇದೆಯಾ ಅಂತ."

ನಾನಂತೂ ಬೆರಗಾಗಿ ಅವಳನ್ನೇ ನೋಡುತ್ತಿದ್ದೆ. ಬಿಳಿಯರೆಂದರೆ ಕುದುರೆಯ ಮೇಲೆ ಬರುವವರು, ಕಂದಾಯ ಕೇಳುವವರು ಎಂದು ತಿಳಿದಿದ್ದ ನನಗೆ, ಬಿಳಿ ಹುಡುಗಿಯೊಬ್ಬಳು ಹಸಿದುಕೊಂಡು ಮೆಟ್ಟಿಲ ಮೇಲೆ ಕಿವಿ ನಿಮಿರಿಸಿ ಕುಳಿತದ್ದು ಕಣ್ಣಿಗೆ ಕಟ್ಟಿಬಿಟ್ಟಿತು. ಅಷ್ಟೆಲ್ಲ ಕಂಡವಳು ಎಷ್ಟು ಮೆತ್ತಗೆ ನಗುತ್ತಾಳೆ! ದೇವರು ಯಾವ ಮಣ್ಣಿನಿಂದ ಮಾಡಿದ್ದಾನೋ ಇಂಥವರನ್ನು ಎಂದುಕೊಂಡೆ.

ಆಗ ಜನದ ಹಿಂದಿನಿಂದ ಕೆಮ್ಮು ಕೇಳಿಸಿತು. ಮಾವ! ಹೆಗಲ ಮೇಲೆ ಸಂತೆಯ ಚೀಲ. ಎಷ್ಟು ಹೊತ್ತಿನಿಂದ ನಿಂತಿದ್ದರೋ. ಜನ ತಾನಾಗಿ ಸರಿದು ದಾರಿ ಬಿಟ್ಟಿತು. ಅತ್ತೆ ಹೊಸಿಲಿಗೆ ಅಡ್ಡ ನಿಂತು ಒಂದೇ ಉಸಿರಿಗೆ ಹೇಳಿದರು: "ನೋಡ್ರೀ, ಅವಳು ಒಳಗೆ ಬಂದಿಲ್ಲ. ಕಲ್ಲೇ ಆಚೆ ಬಂದೈತೆ. ಬೇಕಾದ್ರೆ ಊರೋರನ್ನೆಲ್ಲ ಕೇಳಿ!"

"ನಿನ್ನ ಲಾಯರಿಕೆ ಆಮೇಲಿರಲಿ" ಎಂದು ಮಾವ ಜಗಲಿಯ ಆ ತುದಿಯಲ್ಲಿ ಕುಳಿತರು. ಹುಡುಗಿಯ ಕಡೆ ತಿರುಗಿದರು. "ಕೇಳಮ್ಮಾ ಅವಳನ್ನ. ಬಿಳಿಯೋರ ಮೇಲೆ ಬಿಳಿಯೋರೇ ಬಿದ್ರಾ?"

"ಹೌದಂತೆ ತಾತ."

"ಅವರಿಗೂ ಇವರಿಗೂ ಬಣ್ಣದಲ್ಲಿ ಏನು ವ್ಯತ್ಯಾಸ?"

"ಏನೂ ಇಲ್ವಂತೆ."

"ಮತ್ಯಾಕಂತೆ?"

ಅವಳು ಹೇಳಿದ್ದನ್ನು ಹುಡುಗಿ ತಿಳಿಸಿದಳು: "ಅವ್ರಿಗೆ ನೆಲ ಬೇಕಿತ್ತು, ಕಾಳು ಬೇಕಿತ್ತು, ದುಡಿಯೋ ಕೈ ಬೇಕಿತ್ತು. ನಾವು ಬೇಕಿರಲಿಲ್ಲ ಅಂತಾರೆ."

ಮಾವ ತಲೆಯಾಡಿಸಿದರು. "ಕಾಳು ಎಲ್ಲಿ ಬಚ್ಚಿಟ್ಟವ್ರೆ ಅಂತ ದಂಡಿನೋರಿಗೆ ಯಾರು ಹೇಳ್ತಿದ್ರು? ಅವರಿಗೇನು ಕನಸು ಬೀಳ್ತಿತ್ತಾ?"

"ಊರಿನ ಪಟೇಲನಂತೆ. ದಂಡಿನೋರು ನೇಮಿಸಿದ್ದವನು. ಇವರ ಊರಿನವನೇ."

"ಅಲ್ಲೂ ಇದ್ನಾ ಆ ನನ್ಮಗ!" ಎಂದು ಮಾವ ತೊಡೆ ತಟ್ಟಿಕೊಂಡು ನಕ್ಕರು. ಊರೆಲ್ಲ ನಕ್ಕಿತು. ಹುಡುಗಿ ತಿಳಿಸಿದ ಮೇಲೆ ಅವಳೂ ನಕ್ಕಳು. ನಗು ಇಳಿದ ಮೇಲೆ ಮಾವ ತಮ್ಮ ಸೊಟ್ಟ ಕೈಯನ್ನು ಮುಂದೆ ಚಾಚಿದರು. "ಹೇಳಮ್ಮಾ ಅವಳಿಗೆ. ಇದನ್ನ ಮುರಿದೋನೂ ನಮ್ಮೋನೇ. ಬಿಳಿಯೋನ ಸಂಬಳ, ಕೈ ನಮ್ಮೋನದು." ಅಷ್ಟು ವರ್ಷದಲ್ಲಿ ಅವರ ಬಾಯಲ್ಲಿ ಆ ಮಾತು ಅತ್ತೆಯೂ ಕೇಳಿರಲಿಲ್ಲವಂತೆ.

ಅವಳು ಎದ್ದು ಹೋಗಿ, ಎಳೆಗೂಸನ್ನು ಎತ್ತಿಕೊಳ್ಳುವ ಹಾಗೆ, ಆ ಮೊಣಕೈಯನ್ನು ಎರಡೂ ಅಂಗೈಯಲ್ಲಿ ಹಿಡಿದುಕೊಂಡಳು. ಪರಹೆಂಗಸು ಹಾಗೆ ಮುಟ್ಟಿದ್ದಕ್ಕೆ ಮಾವ ಬೆಚ್ಚಿದರು. ಆದರೆ ಕೈ ಹಿಂದಕ್ಕೆ ಎಳೆದುಕೊಳ್ಳಲಿಲ್ಲ.

ಆಮೇಲೆ ನಮ್ಮ ಕಡೆ ತಿರುಗಿ ಗದರಿದರು: "ರಾಗಿ ಕಲ್ಲು ಬೀದೀಲಿ ಇಡೋ ವಸ್ತುವೇನೇ? ತಗೊಂಡು ಒಳಗಿಡ್ರಿ." ನಾನೂ ಅತ್ತೆಯೂ ಬಗ್ಗಿದೆವು. "ನೀನು ಬಿಡು" ಎಂದರು ಅತ್ತೆಗೆ. "ಒಂದು ಕಡೆ ಆ ತಾಯಿ ಹಿಡ್ಕೊಳ್ಳಲಿ."

"ರೀ, ಆಣೆ?"

"ನಾನಂದಿದ್ದು ಆಳೋಕೆ ಬಂದ ಬಿಳಿಯೋರ ಮಾತು. ಇವಳು ಕಲ್ಲು ಬಚ್ಚಿಟ್ಟೋಳು."

"ಆವತ್ತು ಹಂಗಂತ ಬಿಡಿಸಿ ಹೇಳಿರಲಿಲ್ಲ ನೀವು."

"ಇವತ್ತು ಹೇಳ್ತಿದೀನಲ್ಲ!"

ಕೆಳಗಿನ ಕಲ್ಲಿನ ಒಂದು ಕಡೆ ನಾನು, ಇನ್ನೊಂದು ಕಡೆ ಅವಳು. ನಾನು ಹೊಸಿಲು ತುಳಿಯದೆ ದಾಟಿದ್ದನ್ನು ನೋಡಿ, ಅವಳೂ ಕಾಲನ್ನು ಎತ್ತರಕ್ಕೆ ಎತ್ತಿ ದಾಟಿದಳು. ಮೇಲಿನ ಕಲ್ಲನ್ನೂ ಹಾಗೆಯೇ ತಂದು ಪಡಸಾಲೆಯಲ್ಲಿ ಕೂರಿಸಿದೆವು. ಅವಳು ಮತ್ತೆ ವಸ್ತ್ರ ಮಡಚಲು ಹೋದಾಗ ಅತ್ತೆ ಅದನ್ನು ಕಿತ್ತುಕೊಂಡು ತಮ್ಮ ಹೆಗಲ ಮೇಲೆ ಹಾಕಿಕೊಂಡರು. "ಇಲ್ಲಿ ಯಾರ ಭಯಾನೂ ಇಲ್ಲ. ಜೋರಾಗಿ ಬೀಸು. ನಿಮ್ಮಮ್ಮ ತುಟಿಯಲ್ಲೇ ಹೇಳ್ತಿದ್ದ ಪದ ಬಾಯಿಬಿಟ್ಟು ಹೇಳು."

ಅತ್ತೆಯೂ ಅವಳೂ ಒಂದೇ ಗೂಟ ಹಿಡಿದರು. ಕಲ್ಲು ಗುಡುಗಿತು. ಮೊದಲು ಅವಳ ದನಿ ಒಡೆದು ಒಡೆದು ಬಂತು. ಆಮೇಲೆ, ಅಬ್ಬಾ! ಸೂರಿನ ತೊಲೆಗೆ ಮುಟ್ಟುವಂಥ ದನಿ. ಒಂದು ಅಕ್ಷರವೂ ತಿಳಿಯಲಿಲ್ಲ. ತಿಳಿಯದೆಯೇ ಹೆಂಗಸರೆಲ್ಲ ಸೆರಗಿನಿಂದ ಕಣ್ಣು ಒರೆಸಿಕೊಂಡರು. ಕಲ್ಲಿನ ಸದ್ದಿನ ಜೊತೆ ಅಮ್ಮನ ಪದ ತಾನು ಕೇಳುತ್ತಿರುವುದು ಇದೇ ಮೊದಲು ಎಂದು ಆಮೇಲೆ ಹೇಳಿದಳು.

ಪದ ಮುಗಿಯಿತು. ಎಲ್ಲರ ಕಣ್ಣೂ ಕಂಬಕ್ಕೆ ಒರಗಿ ಕುಳಿತಿದ್ದ ಮಾವನ ಮೇಲೆ. ಬಿಸಿಲಲ್ಲಿ ನಡೆದು ಬಂದವರು, ತುಟಿ ಒಣಗಿತ್ತು. ಬಂದಾಗಿನಿಂದ ಏನೂ ಕುಡಿದಿರಲಿಲ್ಲ.

"ಏನಮ್ಮಾ, ಹಂಗೆ ನೋಡ್ತಾ ನಿಂತ್ಕೊಂಡ್ರೆ? ಮಾವನ್ನ ಬಾಯಾರಿಕೇಲೇ ಸಾಯಿಸ್ತೀಯಾ? ನೀರು ತಾ" ಎಂದರು ನನಗೆ.

ನಾನು ಓಡಿ ಹೋಗಿ ಚೊಂಬು ತುಂಬಿ ತಂದೆ. ಮಾವ ಚೊಂಬು ಎತ್ತಿ ಹಿಡಿದು, ಗಟಗಟ ಎಂದು ಕಡೆಯ ತೊಟ್ಟಿನವರೆಗೂ ಕುಡಿದು ಮೀಸೆ ಒರೆಸಿಕೊಂಡರು. "ಇನ್ನೊಂದು ಚೊಂಬು" ಎಂದರು. ಅತ್ತೆ ಅಡಿಗೆಮನೆಗೆ ಓಡಿ ಮುದ್ದೆಗೆ ಎಸರಿಟ್ಟರು. ಅಳುವುದು ಯಾರಿಗೂ ಕಾಣಬಾರದೆಂದು.

ಅವಳು ಬೀಸಿದ ಹಿಟ್ಟಿನಲ್ಲೇ ಮುದ್ದೆ ಕಟ್ಟಿದೆವು. ಎಲೆಯ ಮುಂದೆ ಕುಳಿತ ಅವಳು ಮುದ್ದೆಯ ತುತ್ತನ್ನು ಬಾಯಿಗಿಟ್ಟು ಅಗಿಯತೊಡಗಿದಳು. ಪಕ್ಕದ ಎಲೆಯ ಮುಂದಿದ್ದ ಮಾವ ತಲೆ ಚಚ್ಚಿಕೊಂಡರು: "ಅಗೀಬೇಡ ಕಣಮ್ಮಾ, ನುಂಗು, ನುಂಗು! ಏ ಹುಡುಗಿ, ಬೇಗ ಹೇಳೇ ಅವಳಿಗೆ!"